ಮೊಸರು ನಮ್ಮದು, ಮೂತಿ ಕೋತಿಯದು

ನಮ್ಮ ಮನೆ ಹಿಂದಿನ ಹೊಂಗೆ ಮರದಲ್ಲಿ ಒಂದು ಕೋತಿ ಹಿಂಡಿದೆ. ಹಗಲೆಲ್ಲ ನೀರಿನ ಟ್ಯಾಂಕಿನ ಮುಚ್ಚಳ ಎತ್ತುವುದು, ಒಣಹಾಕಿದ ಹಪ್ಪಳ ಹೊತ್ತೊಯ್ಯುವುದು. ಕತ್ತಲಾದರೆ ಮಾತ್ರ ಮರಿಗಳನ್ನು ನಡುವೆ ಸೇರಿಸಿಕೊಂಡು, ಒಂದನ್ನೊಂದು ತಬ್ಬಿ ಮಲಗಿಬಿಡುತ್ತವೆ. ರಾತ್ರಿ ಎರಡು ಗಂಟೆಗೆ ಮೊಬೈಲು ಹಿಡಿದು ಕಿಟಕಿಯಲ್ಲಿ ನಿಂತರೆ ಎದ್ದಿರುವ ಮಂಗ ನಾನೊಬ್ಬನೇ.

ಈ ತಾರತಮ್ಯವನ್ನು ಶಾಂಘೈನ ನರವಿಜ್ಞಾನ ಸಂಸ್ಥೆಯವರು 2019ರಲ್ಲೇ ಸರಿಪಡಿಸಿದ್ದಾರೆ. ಮನುಷ್ಯರ ನಿದ್ದೆಗೇಡಿನ ಕಾಯಿಲೆಗಳನ್ನು ಅಭ್ಯಾಸ ಮಾಡಲೆಂದು, ದೇಹದ ಗಡಿಯಾರ ನಡೆಸುವ ಬಿಮಾಲ್1 ಎಂಬ ಜೀನನ್ನು ಕ್ರಿಸ್ಪರ್ ಎಂಬ ಜೀನ್ ಕತ್ತರಿಯಿಂದ ಕೋತಿಯ ಭ್ರೂಣದಲ್ಲೇ ಕೆಡಿಸಿದರು. ಹುಟ್ಟಿದ ಕೋತಿಗಳಿಗೆ ನಿದ್ದೆ ಕಡಿಮೆ, ರಾತ್ರಿಯ ಓಡಾಟ ಹೆಚ್ಚು. ಜೊತೆಗೆ ಆತಂಕ, ಖಿನ್ನತೆ, ಸ್ಕಿಜೋಫ್ರೇನಿಯಾದಂಥ ವರ್ತನೆ. ಅವುಗಳಲ್ಲಿ ಚೆನ್ನಾಗಿ ಕೆಟ್ಟಿದ್ದ ಒಂದು ಗಂಡನ್ನು ಆರಿಸಿ, ಅದರ ಚರ್ಮದ ಕೋಶದಿಂದ ತದ್ರೂಪು, ಅಂದರೆ ಕ್ಲೋನ್, ತೆಗೆದರು. 325 ಭ್ರೂಣ, 65 ಬಾಡಿಗೆ ತಾಯಂದಿರು. ಹುಟ್ಟಿದ ಮರಿಗಳು 5. ಇಲಿ ಸಾಲದೇ ಎಂದು ಕೇಳಬೇಡಿ. ಇಲಿ ರಾತ್ರಿಯೇ ಓಡಾಡುವ ಪ್ರಾಣಿ, ಅದಕ್ಕೆ ನಿದ್ದೆಗೆಡುವ ಸುಖವೇ ಗೊತ್ತಿಲ್ಲ.

ಎಲ್ಲ ಒಂದೇ ಅಚ್ಚಿನವಾದರೆ ಪ್ರಯೋಗಕ್ಕೆ ಬೇಕಾಗುವ ಕೋತಿಗಳು ಕಡಿಮೆಯಾಗುತ್ತವೆ ಎಂಬುದು ಸಂಸ್ಥೆಯ ಸಮಜಾಯಿಷಿ. ಕೋತಿ ಉಳಿಸುವುದಕ್ಕೆ ಕೋತಿ ತಯಾರಿಸುವ ಈ ಲೆಕ್ಕ ನಮ್ಮ ಬೀದಿಯಲ್ಲಿ ಚೀಟಿ ನಡೆಸುವವರಿಗೂ ಹೊಳೆದಿಲ್ಲ.

ಕೈಕಾಲು ನಡುಗಿಸುವ ಪಾರ್ಕಿನ್ಸನ್ ಕಾಯಿಲೆಯ ವಿಷಯ ಬೇರೆ. 1990ರಲ್ಲಿ ಅಮೆರಿಕದ ನರವಿಜ್ಞಾನಿ ಮಾಹ್ಲೋನ್ ಡಿಲಾಂಗ್ ಅವರ ತಂಡ, ಆ ಕಾಯಿಲೆ ಬರಿಸಿದ ಕೋತಿಗಳ ಮಿದುಳಿನ ಆಳದಲ್ಲಿ ಕಾಳಿನಷ್ಟು ಜಾಗವನ್ನು ಸುಮ್ಮನಾಗಿಸಿದಾಗ ನಡುಕ ಇಳಿಯಿತು. ಇವತ್ತು ನಡುಕ ತಡೆಯಲು ಮಿದುಳಿಗೆ ವಿದ್ಯುತ್ ತಂತಿ ಇಳಿಸಿಕೊಂಡು ತಮ್ಮ ಕಾಫಿ ಲೋಟ ತಾವೇ ಎತ್ತುವವರು ಆ ಕೋತಿಗಳ ಋಣದಲ್ಲಿದ್ದಾರೆ. ಅಲ್ಲಿ ನಾನು ಬಾಯಿ ಮುಚ್ಚಿಕೊಳ್ಳುತ್ತೇನೆ.

ಆದರೆ ನನ್ನ ನಿದ್ದೆ? ನನ್ನ ಬಿಮಾಲ್ ಗಟ್ಟಿಯಾಗಿಯೇ ಇರಬೇಕು. ರಾತ್ರಿ ಹನ್ನೊಂದಕ್ಕೆ ಅಮೆರಿಕದ ಕಾಲ್ ಇಟ್ಟಿದ್ದು ಜೀನಲ್ಲ, ಮ್ಯಾನೇಜರು. ಆಮೇಲೆ ಒಂದೇ ಒಂದು ರೀಲ್ ಅಂತ ಶುರುಮಾಡಿದ್ದು ಸಾಕ್ಷಾತ್ ನಾನು. ಮೊಸರು ತಿಂದ ಕೋತಿ ಮೇಕೆಯ ಮೂತಿಗೆ ಒರೆಸಿತಂತೆ ಎಂದು ಇಷ್ಟು ಕಾಲ ಕೋತಿಯನ್ನೇ ಆಡಿಕೊಂಡಿದ್ದೆವು.

ಶಾಂಘೈನವರು ಬೆಂಗಳೂರಿಗೆ ಬಂದಿದ್ದರೆ ಖರ್ಚೇ ಇರುತ್ತಿರಲಿಲ್ಲ. ಎಲೆಕ್ಟ್ರಾನಿಕ್ ಸಿಟಿಯಿಂದ ನಸುಕಿನಲ್ಲಿ ಕ್ಯಾಬ್ ಹತ್ತುವವರನ್ನು ನೋಡಿ: ಒಂದೇ ಬಗೆಯ ಐಡಿ ಕಾರ್ಡು, ಒಂದೇ ಬಗೆಯ ಬ್ಯಾಗು, ಒಂದೇ ಬಗೆಯ ಸಪ್ಪೆ ಮುಖ. ತದ್ರೂಪುಗಳು ತಯಾರಿವೆ. ತೊಂದರೆ ಒಂದೇ, ಇವರು ಒಪ್ಪಿಗೆ ಪತ್ರಕ್ಕೆ ಸಹಿ ಹಾಕಬೇಕು, ಹಾಕುವ ಮುಂಚೆ ಓದಲೂಬಹುದು. ಕೋತಿಯದು ಆ ರಗಳೆಯಿಲ್ಲ.

ಇಷ್ಟು ಬರೆಯುವಷ್ಟರಲ್ಲಿ ಎರಡೂವರೆ. ಮೊಬೈಲಿನ ಬೆಳಕು ಹೊಂಗೆ ಮರಕ್ಕೆ ಬಿದ್ದಿರಬೇಕು. ಒಂದು ತಾಯಿ ಕೋತಿ ಕಣ್ಣು ಬಿಟ್ಟು ನನ್ನನ್ನೇ ನೋಡಿತು. ಮರಿಯ ಮುಖವನ್ನು ಎದೆಗೆ ಒತ್ತಿಕೊಂಡು ಆ ಕಡೆ ತಿರುಗಿ ಮಲಗಿತು.