ಹೊಸದಾಗಿ ಆಡಬೇಕೆಂದರೆ ಹಳೆಯದನ್ನು ಅಳಿಸಲೇಬೇಕಾ?

ಪೋಕೆಮಾನ್ (ವಿಚಿತ್ರ ಜೀವಿಗಳನ್ನು ಹಿಡಿದು ಸಾಕುವ ವಿಡಿಯೋ ಗೇಮ್) ಮತ್ತೆ ಮೊದಲಿನಿಂದ ಆಡೋಣ ಅನ್ನಿಸಿದಾಗೆಲ್ಲ ನನಗೆ ಹೊಟ್ಟೆ ಉರಿಯುತ್ತದೆ. 1996ರ ಗೇಮ್‌ಬಾಯ್ ಕಾಲದಿಂದಲೂ ಅದರ ಮುಖ್ಯ ಆಟಗಳಲ್ಲಿ ಒಬ್ಬರಿಗೆ ಒಂದೇ ಸೇವ್, ಅಂದರೆ ಆಡಿದ್ದನ್ನು ಉಳಿಸಿಡಲು ಒಂದೇ ಜಾಗ. ಹೊಸದು ಬೇಕಾದರೆ ಹಳೆಯದನ್ನು ಅಳಿಸಬೇಕು. ಮೊದಲ ಊರಿನಿಂದ ಜೊತೆಗಿದ್ದು 100ನೇ ಲೆವೆಲ್ ಮುಟ್ಟಿದ ಚಾರಿಜಾರ್ಡ್, ಅಪರೂಪಕ್ಕೆ ಸಿಕ್ಕ ಬೇರೆ ಬಣ್ಣದ ಪೋಕೆಮಾನ್, ಎಲ್ಲ ಹೋಯಿತು! ಎಷ್ಟು ಅಕ್ಕರೆಯಿಂದ ಸಾಕಿರುತ್ತೇವೆ, ಅಲ್ವಾ?

ನಿಂಟೆಂಡೊದ ಸ್ವಿಚ್ ಗೇಮ್ ಯಂತ್ರದಲ್ಲಾದರೆ ಇನ್ನೊಂದು ಪ್ರೊಫೈಲ್ ಮಾಡಿ ಬೇರೆ ಸೇವ್ ಪಡೆಯಬಹುದು, ಸರಿ. ಇಲ್ಲವೇ ಸಾಕಿದ ಪೋಕೆಮಾನ್‌ಗಳನ್ನು ಆಟದ ಹೊರಗೆ ಇಟ್ಟುಕೊಳ್ಳುವ ಪೋಕೆಮಾನ್ ಹೋಮ್ ಎಂಬ ಆ್ಯಪ್‌ಗೆ ಸಾಗಿಸಬೇಕು. ಅಲ್ಲಿ ಉಚಿತವಾಗಿ ಇಡಲು ಬಿಡುವುದು ಬರೀ 30. ಮಿಕ್ಕವಕ್ಕೆ ದುಡ್ಡು ಕಟ್ಟಬೇಕು.

1995ರಲ್ಲೇ ಕ್ರೋನೋ ಟ್ರಿಗರ್ ಎಂಬ ಆಟದಲ್ಲಿ ಮೂರು ಸೇವ್ ಇದ್ದವು. ಆಟ ಮುಗಿಸಿದವರು ಗಳಿಸಿದ ಲೆವೆಲ್, ಆಯುಧಗಳ ಸಮೇತ ಮತ್ತೆ ಶುರು ಮಾಡಬಹುದಿತ್ತು. ಪೋಕೆಮಾನ್ ಮಾಡುವವರಿಗೆ ಇನ್ನೊಂದೇ ಒಂದು ಸೇವ್ ಕೊಡಲು ಏನು ಕಷ್ಟ?