ವಜ್ರ ಗೊತ್ತು, ಈ ವೈಡೂರ್ಯ ಯಾವುದು?

ಹೋದ ತಿಂಗಳು ನಮ್ಮ ಅತ್ತೆಗೆ ವೈಡೂರ್ಯದ ಉಂಗುರ ಬೇಕಾಯಿತು. ಕೇತುವಿಗೆ ಒಳ್ಳೆಯದಂತೆ. ಅಂಗಡಿಯವರು ಜೇನುಬಣ್ಣದ ಹರಳೊಂದನ್ನು ಚಿಮಟದಲ್ಲಿ ಹಿಡಿದು ಟಾರ್ಚ್ ಬಿಟ್ಟರು. ನಡುವೆ ಬೆಳ್ಳಗಿನ ಗೆರೆ ಎದ್ದಿತು. ತಿರುಗಿಸಿದರೆ ಗೆರೆಯೂ ಸರಿಯುತ್ತದೆ. ಥೇಟ್ ಬೆಕ್ಕಿನ ಕಣ್ಣು!

ನನಗೆ ಅಲ್ಲಿಯವರೆಗೆ ವೈಡೂರ್ಯ ಅಂದರೆ ಅಜ್ಜಿ ಕತೆಗಳಲ್ಲಿ ವಜ್ರದ ಬಾಲ ಹಿಡಿದು ಬರುವ ಪದ, ಅಷ್ಟೇ. ಮನೆಗೆ ಬಂದು ಹುಡುಕಲು ಕೂತೆ.

ವಿದೂರ ಅನ್ನುವ ಜಾಗದಿಂದ ಬಂದದ್ದು ವೈಡೂರ್ಯ ಅನ್ನುತ್ತದೆ ಪಾಣಿನಿಯ ಸೂತ್ರ. ಆ ಸೂತ್ರಗಳಿಗೆ ಮಹಾಭಾಷ್ಯ ಬರೆದ ಪತಂಜಲಿ ಅಲ್ಲೇ ತಕರಾರು ತೆಗೆಯುತ್ತಾನೆ: ಕಲ್ಲು ಸಿಗುವುದು ವಾಲವಾಯ ಅನ್ನುವ ಜಾಗದಲ್ಲಿ, ವಿದೂರದಲ್ಲಿ ಅದಕ್ಕೆ ಸಂಸ್ಕಾರ ಮಾಡುತ್ತಾರೆ ಅಷ್ಟೇ. ಆಮೇಲೆ ತಾನೇ ಸಮಾಧಾನವನ್ನೂ ಹೇಳುತ್ತಾನೆ. ವರ್ತಕರು ವಾರಾಣಸಿಯನ್ನು ಜಿತ್ವರಿ ಅಂತ ಕರೆಯುತ್ತಾರಲ್ಲ, ಹಾಗೆ ವೈಯಾಕರಣರು ವಾಲವಾಯವನ್ನೇ ವಿದೂರ ಅಂದಿರಬಹುದು ಅಂತ. ಎರಡು ಸಾವಿರ ವರ್ಷದ ಹಿಂದೆಯೇ ಈ ಜಗಳ ಇತ್ತು ನೋಡಿ!

ಪಾಲಿಯಲ್ಲಿ ಇದು ವೇಳುರಿಯ. ಗ್ರೀಕರ ಬಾಯಲ್ಲಿ ಬೇರುಲ್ಲೋಸ್ ಆಯಿತು, ಇಂಗ್ಲಿಷಿನಲ್ಲಿ ಬೆರಿಲ್. ಜರ್ಮನರು ಕನ್ನಡಕಕ್ಕೆ ಬ್ರಿಲ್ಲೆ ಅನ್ನುವುದೂ ಇದರಿಂದಲೇ. ಆದರೆ ಬೆಕ್ಕಿನ ಕಣ್ಣು ಬೆರಿಲ್ ಅಲ್ಲ, ಕ್ರಿಸೊಬೆರಿಲ್ ಅನ್ನುವ ಬೇರೆಯೇ ಕಲ್ಲು. ನಿಜವಾದ ಬೆರಿಲ್ ನಮ್ಮ ಪಚ್ಚೆ! ಅಂದರೆ ಹೆಸರು ಹಳೆಯದು, ಅದನ್ನು ಹೊತ್ತಿರುವ ಕಲ್ಲು ಬದಲಾಗಿದೆ.

ಇನ್ನು 'ಬೆರಿಲ್ ಬಂದದ್ದು ನಮ್ಮ ಬೇಲೂರಿನಿಂದ' ಅನ್ನುವ ವಾಟ್ಸಾಪ್ ಮೆಸೇಜು ನಿಮಗೂ ಬಂದಿರಬೇಕು. ಇಂಥ ಊಹೆ ನಿಘಂಟುಗಳಲ್ಲೂ ಇದೆ, ಸುಮ್ನೆ ಹುಟ್ಟಿದ್ದಲ್ಲ. ಆದರೂ ನನಗೆ ಒಪ್ಪಿಗೆಯಿಲ್ಲ. ಸದ್ದು ಹೋಲುತ್ತದೆ ಅಂತ ಎರಡು ಪದಕ್ಕೆ ಗಂಟು ಹಾಕಿದರೆ ಆಗಿಬಿಡುತ್ತಾ?

ಹೆಮ್ಮೆಪಡಲೇಬೇಕು ಅಂದರೆ ಪುನ್ನಾಡು ಅನ್ನುವ ಹಳೆಯ ರಾಜ್ಯ ಇದೆಯಲ್ಲ. 2ನೇ ಶತಮಾನದಲ್ಲಿ ಗ್ರೀಕ್ ಭೂಗೋಳಕಾರ ಟಾಲೆಮಿ 'ಪೌನ್ನಾಟ, ಬೆರಿಲ್ ಸಿಗುವ ಜಾಗ' ಎಂದು ಬರೆದಿಟ್ಟಿದ್ದಾನೆ. ಅದು ನಮ್ಮ ಕಪಿಲೆಯ ದಂಡೆಯ ಪುನ್ನಾಡು ಅಂತ ಇತಿಹಾಸಕಾರರು ಗುರುತಿಸಿದ್ದಾರೆ. ಅದರ ರಾಜಧಾನಿ ಕಿತ್ತೂರು ಇದ್ದದ್ದು ಹೆಗ್ಗಡದೇವನಕೋಟೆ ಕಡೆ. ಆ ಕಡೆಯವರಿಗೇ ಇದು ಗೊತ್ತಿಲ್ಲ, ಬೇಲೂರಿನ ಮೆಸೇಜು ಮಾತ್ರ ಎಲ್ಲರ ಹತ್ತಿರವೂ ಇದೆ.

ಅತ್ತೆಗೆ ಇಷ್ಟೂ ಹೇಳಿದೆ. ಉಂಗುರ ತಿರುಗಿಸುತ್ತಾ ಕೇಳಿದರು: "ಹಾಗಾದ್ರೆ ನಾನು ಪಚ್ಚೆನೇ ತಗೋಬೇಕಿತ್ತೇನೇ?"

"ಪಚ್ಚೆ ಬುಧನಿಗೆ ಅತ್ತೆ," ಅಂದೆ.