ಟ್ರಿಬ್ಯೂನನನ್ನು ಮತ ಹಾಕಿಸಿ ಕೆಳಗಿಳಿಸಿದ್ದು ಸರಿಯೇ?

ಪರ

ಕ್ರಿ.ಪೂ. 133ರಲ್ಲಿ ರೋಮ್‌ನ ಟ್ರಿಬ್ಯೂನ್, ಅಂದರೆ ಸಾಮಾನ್ಯ ಜನರ ರಕ್ಷಣೆಗೆ ಜನರೇ ಆರಿಸಿದ ಅಧಿಕಾರಿ, ಆಗಿದ್ದ ಟೈಬೀರಿಯಸ್ ಗ್ರಾಕಸ್ ತಂದ ಮಸೂದೆ ಯಾರ ಸ್ವಂತ ಆಸ್ತಿಯನ್ನೂ ಮುಟ್ಟಲಿಲ್ಲ. ಯುದ್ಧದಲ್ಲಿ ಗೆದ್ದು ರಾಜ್ಯಕ್ಕೆ ಸೇರಿದ್ದ ಜಮೀನನ್ನು ಸಿರಿವಂತರು ತಲೆಮಾರುಗಳಿಂದ ಉಳುಮೆ ಮಾಡಿಸಿಕೊಂಡು ಬಂದಿದ್ದರು. ಒಬ್ಬನಿಗೆ 500 ಯೂಗರ, ಅಂದರೆ ಸುಮಾರು 310 ಎಕರೆ ಎಂದಿದ್ದ ಹಳೆಯ ಮಿತಿಯನ್ನೇ ಅವನು ಮತ್ತೆ ಜಾರಿಗೆ ತರಲು ಹೊರಟ, ಅದರ ಮೇಲೆ ಮಕ್ಕಳ ಪಾಲೆಂದು ಇನ್ನಷ್ಟನ್ನು ಬಿಟ್ಟುಕೊಟ್ಟ. ಮಿಕ್ಕ ನೆಲ ಬಡವರಿಗೆ ಸಿಗಬೇಕಿತ್ತು. ಆಸ್ತಿಯುಳ್ಳವನನ್ನು ಮಾತ್ರ ದಂಡಿಗೆ ಸೇರಿಸಿಕೊಳ್ಳುತ್ತಿದ್ದ ರೋಮ್‌ಗೆ ಇದು ದಾನಧರ್ಮದ ಮಾತಾಗಿರಲಿಲ್ಲ, ಸೈನ್ಯದ ಮಾತಾಗಿತ್ತು.

ಇದಕ್ಕೆ ತಡೆ ಹಾಕಿದವನು ಜೊತೆಯ ಟ್ರಿಬ್ಯೂನ್ ಮಾರ್ಕಸ್ ಆಕ್ಟೇವಿಯಸ್. ಜನರ ರಕ್ಷಣೆಗೆಂದೇ ಹುಟ್ಟಿದ ಹುದ್ದೆಯಲ್ಲಿ ಕುಳಿತು ಜನರ ಇಚ್ಛೆಗೇ ಅಡ್ಡ ನಿಂತವನನ್ನು, ಆರಿಸಿದ ಜನರೇ ಇಳಿಸಬಾರದೇಕೆ? ರೋಮ್‌ನ ಮತದಾರರ 35 ಪಂಗಡಗಳಲ್ಲಿ 17 ಪಂಗಡಗಳು ಆಕ್ಟೇವಿಯಸ್ ವಿರುದ್ಧ ಮತ ಹಾಕಿದ್ದವು, ಇನ್ನೊಂದು ಹಾಕಿದರೆ ತೀರಿತು ಎಂಬಷ್ಟರಲ್ಲಿ ಗ್ರಾಕಸ್ ಮತದಾನ ನಿಲ್ಲಿಸಿ, ಗೆಳೆಯನನ್ನು ಅಪ್ಪಿಕೊಂಡು, ಹಟ ಬಿಡೆಂದು ಎಲ್ಲರೆದುರು ಬೇಡಿಕೊಂಡನೆಂದು ಪ್ರಾಚೀನ ಗ್ರೀಕ್ ಲೇಖಕ ಪ್ಲೂಟಾರ್ಕ್ ಬರೆಯುತ್ತಾನೆ. ದರ್ಪದಿಂದ ನಡೆದವನ ವರ್ತನೆ ಹೀಗಿರುವುದಿಲ್ಲ.

ವಿರೋಧ

ಬೇಡಿಕೊಂಡದ್ದು ನಿಜವಿರಬಹುದು, ಆದರೆ ಬೇಡಿಕೆ ಫಲಿಸದಿದ್ದಾಗ ಮತದಾನ ಮುಂದುವರಿಯಿತು, ಆಕ್ಟೇವಿಯಸ್‌ನನ್ನು ವೇದಿಕೆಯಿಂದ ಎಳೆದಿಳಿಸಲಾಯಿತು. ಟ್ರಿಬ್ಯೂನನ ಮೈ ಮುಟ್ಟಬಾರದೆಂಬುದು ರೋಮ್‌ನ ಪವಿತ್ರ ಕಟ್ಟಳೆ, ಬಡವರಿಗಿದ್ದ ಗಟ್ಟಿಯಾದ ಕವಚವೂ ಅದೇ. ಅದನ್ನು ಬಡವರ ಪರ ನಿಂತವನೇ ಒಡೆದ. ಕೆಲವೇ ತಿಂಗಳಲ್ಲಿ ಅದೇ ಕವಚ ಅವನಿಗೇ ಬೇಕಾಯಿತು.

ನನಗೆ ಇದಕ್ಕಿಂತ ಹೆಚ್ಚು ಚುಚ್ಚುವುದು ಭೂಮಿ ಹಂಚಲು ನೇಮಕವಾದ ಮೂವರ ಮಂಡಳಿ. ಒಬ್ಬ ತಾನು, ಇನ್ನೊಬ್ಬ ಹೆಣ್ಣು ಕೊಟ್ಟ ಮಾವ ಆಪಿಯಸ್ ಕ್ಲಾಡಿಯಸ್, ಮೂರನೆಯವನು ಆಗ ಸ್ಪೇನ್‌ನ ನುಮಾಂಟಿಯಾದಲ್ಲಿ ಯುದ್ಧಕ್ಕೆ ಹೋಗಿದ್ದ ತಮ್ಮ ಗೈಯಸ್. ಇಟಲಿಯ ನೆಲ ಅಳೆಯುವ ಅಧಿಕಾರ ಒಂದೇ ಮನೆಯ ಹಜಾರದೊಳಗೆ ಬಂದಿತ್ತು. ಇದರ ಮೇಲೆ ಏಷ್ಯಾ ಮೈನರ್‌ನ ಪರ್ಗಮಮ್ ರಾಜ್ಯದ ದೊರೆ ಅಟ್ಟಾಲಸ್ ರೋಮ್‌ಗೆ ಉಯಿಲು ಬರೆದಿಟ್ಟ ಸಂಪತ್ತನ್ನು, ಹಿರಿಯರ ಸಭೆಯಾದ ಸೆನೆಟ್ಟನ್ನು ಬದಿಗೊತ್ತಿ ತಾನೇ ವಿನಿಯೋಗಿಸಲು ಹೊರಟ. ಮರುವರ್ಷವೂ ತಾನೇ ಟ್ರಿಬ್ಯೂನ್ ಆಗಲು ಸ್ಪರ್ಧೆಗೆ ನಿಂತ. ಎದುರಾಳಿಗಳು ಅರಸೊತ್ತಿಗೆಯ ಆಸೆ ಎಂದು ಕೂಗಿದ್ದು ಅತಿಯಾಯಿತು, ಆದರೆ ಆ ಕೂಗಿಗೆ ಎಡೆ ಮಾಡಿಕೊಟ್ಟವನು ಅವನೇ.

ಚುನಾವಣೆಯ ದಿನ ಸೆನೆಟರುಗಳ ಗುಂಪನ್ನು ಮುನ್ನಡೆಸಿದವನು ಮಹಾಪುರೋಹಿತ ಸ್ಕಿಪಿಯೋ ನಾಸಿಕಾ, ಗ್ರಾಕಸ್‌ನ ದೊಡ್ಡಮ್ಮನ ಮಗ. ಮುರಿದ ಬೆಂಚುಗಳ ತುಂಡುಗಳಿಂದ ಗ್ರಾಕಸ್‌ನೂ ಸೇರಿದಂತೆ 300ಕ್ಕೂ ಹೆಚ್ಚು ಜನರನ್ನು ಬಡಿದು ಕೊಂದು ಹೆಣಗಳನ್ನು ಟೈಬರ್ ನದಿಗೆ ಎಸೆದರು. ಆ ಕೊಲೆಯನ್ನು ನಾನು ಸಮರ್ಥಿಸುವುದಿಲ್ಲ. ಆದರೂ ಮಂಡಳಿ ರದ್ದಾಗಲಿಲ್ಲ. ಅದು ನೆಟ್ಟ ಎಲ್ಲೆಕಲ್ಲುಗಳಲ್ಲಿ ಕೆಲವು ಇಟಲಿಯಲ್ಲಿ ಸಿಕ್ಕಿವೆ: ಅವುಗಳ ಮೇಲಿರುವುದು ಗೈಯಸ್‌ನ ಹೆಸರು, ಆಪಿಯಸ್‌ನ ಹೆಸರು, ಸತ್ತವನ ಜಾಗಕ್ಕೆ ಬಂದ ಲಿಸಿನಿಯಸ್ ಕ್ರಾಸಸ್‌ನ ಹೆಸರು. ಕ್ರಾಸಸ್ ಗೈಯಸ್‌ಗೆ ಹೆಣ್ಣು ಕೊಟ್ಟ ಮಾವ.